ರಸ್ತೆ ಕಡೆಯ ಮಣ್ಣು

ನಮ್ಮ ಮಾಳಿಗೆಯ ಮೇಲಿನ ಕೋಣೆಯಲ್ಲಿ ಇಪ್ಪತ್ತಮೂರು ಉಪ್ಪಿನಕಾಯಿ ಭರಣಿಗಳಿವೆ. ಒಂದರಲ್ಲೂ ಉಪ್ಪಿನಕಾಯಿ ಇಲ್ಲ, ಎಲ್ಲದರಲ್ಲೂ ಮಣ್ಣಿದೆ. ಬಿಳಿ, ಬೂದಿ, ಕೆಂಪು, ಚಹಾ ಪುಡಿಯಂಥದ್ದು, ಕಾಡಿಗೆಯಂಥದ್ದು. ನೆಂಟರು ಬರುತ್ತಾರೆಂದು ಗೊತ್ತಾದರೆ ಸಾಕು, ನಮ್ಮ ಮನೆಯವರು ಓಡಿಹೋಗಿ ಆ ಕೋಣೆಯ ಕದ ಹಾಕಿ ಬರುತ್ತಾರೆ. "ಹೆಂಡ್ತಿ ಮಣ್ಣ ತಿಂತಾಳಂತ ಸುದ್ದಿ ಹಬ್ಬೂದ ಬ್ಯಾಡ" ಎನ್ನುವುದು ಅವರ ವಾದ. ಅವರು ವಿಮೆಯ ಕಚೇರಿಯಲ್ಲಿ ಕೆಲಸ ಮಾಡುವವರು, ಆಗದ ಅನಾಹುತಗಳ ಬಗ್ಗೆ ಮೊದಲೇ ಯೋಚಿಸುವುದು ಅವರಿಗೆ ಅಭ್ಯಾಸ.

ನಾನು ವಿಜಯಪುರದ ಒಂದು ಹೈಸ್ಕೂಲಿನಲ್ಲಿ ಚಿತ್ರಕಲೆ ಕಲಿಸುತ್ತೇನೆ. ಚಿತ್ರಕಲೆಯ ಪೀರಿಯಡ್ಡು ಅಂದರೆ, ಗಣಿತದವರು ಪಾಠ ಮುಗಿದಿಲ್ಲವೆಂದು ಕಸಿದುಕೊಳ್ಳುವ ಪೀರಿಯಡ್ಡು. ಹಾಗಾಗಿ ನನಗೆ ಸ್ವಂತ ಕೆಲಸಕ್ಕೆ ಸಾಕಷ್ಟು ಸಮಯ ಸಿಗುತ್ತಿತ್ತು. ಆ ಸಮಯದಲ್ಲಿ ಇಪ್ಪತ್ತೈದು ವರ್ಷ ನಾನು ಬರೆದದ್ದು ಗೋಳಗುಮ್ಮಟ. ಯಾರೇ ನಿವೃತ್ತರಾಗಲಿ, ವರ್ಗವಾಗಿ ಹೋಗಲಿ, "ಟೀಚರ್ರ, ಒಂದ ಗುಮ್ಮಟ ಬರದ ಕೊಡ್ರಿ" ಎಂದು ಬರುತ್ತಿದ್ದರು. ಕಣ್ಣು ಮುಚ್ಚಿ ಬರೆದರೂ ನಾಲ್ಕು ಮಿನಾರು ನೆಟ್ಟಗೆ ಬರುವ ಹಂತಕ್ಕೆ ಬಂದಾಗ ನನಗೆ ತಲೆ ಕೆಟ್ಟುಹೋಯಿತು.

ಐವತ್ತು ದಾಟಿದ ಮೇಲೆ ಒಂದು ಹುಚ್ಚು ಹತ್ತಿತು. ಊರನ್ನು ಬರೆಯುವುದಾದರೆ ಆ ಊರಿನ ಮಣ್ಣಿನಿಂದಲೇ ಬರೆಯಬೇಕು. ಗಿಡವನ್ನು ತೋರಿಸುವುದಾದರೆ ಅದರ ಎಲೆಯನ್ನೇ ಬಟ್ಟೆಗೆ ಒತ್ತಬೇಕು. ಗಾಳಿ ಬೇಕಾದರೆ ಗಾಳಿಯ ದನಿಯನ್ನೇ ಹಿಡಿದು ತರಬೇಕು. ಇದನ್ನು ಕೇಳಿದ ನಮ್ಮ ಮನೆಯವರು, "ಗುಮ್ಮಟದ ತಂಟಿ ಕಡಿಮಿ ಇತ್ತು" ಎಂದರು.

ರವಿವಾರಗಳಂದು ತಿರುಗಾಟ ಶುರುವಾಯಿತು. ತಿಕೋಟಾದ ಹತ್ತಿರ ದ್ರಾಕ್ಷಿ ಒಣಗಿಸುವ ಶೆಡ್ಡುಗಳಿವೆ. ಹಸಿರು ಪರದೆಯ ಒಳಗೆ ಹಂತ ಹಂತವಾಗಿ ದ್ರಾಕ್ಷಿ ಹರವಿರುತ್ತಾರೆ, ಒಳಗೆ ಬೀಳುವ ಬೆಳಕು ಬೇರೆಲ್ಲೂ ಸಿಗದಂಥದ್ದು. ನನಗೆ ಬಟ್ಟೆಯ ಮೇಲೆ ಆ ನೆರಳು ಬೇಕಿತ್ತು. ಶೆಡ್ಡಿನ ಮಾಲೀಕ ನನ್ನನ್ನು ವ್ಯಾಪಾರಿ ಎಂದು ತಿಳಿದು ಕುರ್ಚಿ ಹಾಕಿಸಿದ, ಚಹಾ ತರಿಸಿದ, ನಾಲ್ಕು ನಮೂನೆಯ ಒಣದ್ರಾಕ್ಷಿ ಅಂಗೈಗೆ ಸುರಿದ. "ದ್ರಾಕ್ಷಿ ಬ್ಯಾಡ್ರಿ, ನನಗ ನೆರಳ ಬೇಕಾಗೈತಿ" ಎಂದೆ. ಆತ ನನ್ನನ್ನೂ ಪರದೆಯನ್ನೂ ಎರಡೆರಡು ಸಲ ನೋಡಿ, "ನೆರಳ ಕಿಲೋಕ್ಕ ಹ್ಯಾಂಗ ಹಚ್ಚಲಿರಿ?" ಎಂದು ಕೇಳಿದ. ಆದರೂ ಒಳ್ಳೆಯವನು. ವಿಜಯಪುರದಿಂದ ಬಂದ ಹೆಣ್ಣುಮಗಳನ್ನು ಬರಿಗೈಲಿ ಹೇಗೆ ಕಳಿಸುವುದೆಂದು ಒಂದು ಚೀಲ ದ್ರಾಕ್ಷಿ ಕಟ್ಟಿಕೊಟ್ಟ.

ಕನಮಡಿಯಲ್ಲಿ ಗಾಳಿ ಹಿಡಿಯಲು ಹೋದೆ. ಜೋಳದ ಹೊಲದ ನಡುವೆ ಮೂರು ಕಾಲಿನ ಕೋಲಿನ ಮೇಲೆ ಫೋನು ಇಟ್ಟು, ನನ್ನ ಉಸಿರೂ ಅದರಲ್ಲಿ ಬರಬಾರದೆಂದು ದೂರ ಹೋಗಿ ಕುಳಿತೆ. ಮನೆಗೆ ಬಂದು ಕೇಳಿದರೆ, ಇಪ್ಪತ್ತು ನಿಮಿಷ ಗಾಳಿ ಚೆನ್ನಾಗಿ ಬೀಸಿದೆ. ಆಮೇಲೆ ಆಡು ಕಾಯುವ ಒಬ್ಬ ಮುದುಕಿಯ ದನಿ. "ಹಲೋ! ಹಲೋ! ಯಾರ್ರೀ? ಇಲ್ಲ್ಯಾರೂ ಇಲ್ಲ, ಫೋನ ಬಿಟ್ಟ ಹೋಗ್ಯಾರ. ಆಮ್ಯಾಲೆ ಮಾಡ್ರಿ." ಅದನ್ನು ಅಳಿಸಲು ನನಗೆ ಮನಸ್ಸಾಗಲಿಲ್ಲ.

ಆದರೆ ಈ ಭರಣಿ, ಎಲೆ, ಗಾಳಿ ಎಲ್ಲವೂ ಕೈ ಪಳಗಿಸಿಕೊಳ್ಳುವ ಕೆಲಸ. ನನಗೆ ನಿಜವಾಗಿ ಬೇಕಿದ್ದದ್ದು ಒಂದೇ ಮಣ್ಣು, ನಿಡೋಣಿಯ ಹತ್ತಿರ ನಮ್ಮಪ್ಪ ಉಳುತ್ತಿದ್ದ ಹೊಲದ್ದು.

ಅಪ್ಪ ತೀರಿಹೋಗಿ ಆರು ವರ್ಷವಾಯಿತು. ಆಮೇಲೆ ಆ ಭಾಗದಲ್ಲಿ ಕಾಲುವೆಯ ನೀರು ತುಂಬಿಸಲು ಹೊಸ ಕೆರೆಯಾಯಿತು, ಹೊಲ ಅದರೊಳಗೆ ಹೋಯಿತು. ಸುತ್ತಲಿನ ಬಾವಿಗಳಿಗೆಲ್ಲ ನೀರು ಬಂದಿದೆ, ನಮಗೆ ಯಾರ ಮೇಲೂ ಸಿಟ್ಟಿಲ್ಲ. ಅವ್ವ ನಮ್ಮ ಮನೆಗೆ ಬಂದು ಇದ್ದಳು. ಬಂದ ದಿನದಿಂದ ಹೊಲದ ಮಾತು ಆಕೆಯೂ ಎತ್ತಲಿಲ್ಲ, ನಾವೂ ಎತ್ತಲಿಲ್ಲ.

ನೀರು ಬಿಡುವ ಮುಂಚಿನ ಬೇಸಿಗೆಯಲ್ಲಿ, ಬಬಲೇಶ್ವರದಲ್ಲಿ ಒಂದು ಮದುವೆ ಇದೆಯೆಂದು ಅವ್ವನಿಗೆ ಸುಳ್ಳು ಹೇಳಿ ನಾವಿಬ್ಬರೂ ಕಾರು ತೆಗೆದುಕೊಂಡು ಹೋದೆವು. ರಸ್ತೆಯ ಪಕ್ಕ ಕಾರು ನಿಲ್ಲಿಸಿ ನಾನು ಸಲಿಕೆ ಹಿಡಿದು ಇಳಿದೆ. ನಮ್ಮ ಮನೆಯವರು ಯಾರಾದರೂ ಬಂದಾರೆಂದು ಕಾವಲು ನಿಂತರು. ಬಿಸಿಲಿಗೆ ತಲೆ ಸಿಡಿಯುತ್ತಿತ್ತು. ಗೊಬ್ಬರದ ಚೀಲ ಎರಡು ತುಂಬಿಕೊಂಡು ಹಿಂದಿರುಗಿದೆವು. ಅವ್ವ ಬಾಗಿಲಲ್ಲೇ ಕೇಳಿದಳು, "ಊಟಕ್ಕ ಏನೇನ ಮಾಡಿದ್ರು?" ನಾನು ತಡವರಿಸಿದೆ. ನಮ್ಮ ಮನೆಯವರು ಮಾತ್ರ ಒಂದು ಕ್ಷಣವೂ ಯೋಚಿಸದೆ ಗೋದಿ ಹುಗ್ಗಿ, ಬದನೆಕಾಯಿ ಪಲ್ಯ, ಎರಡು ನಮೂನೆಯ ಚಟ್ನಿ ಎಂದು ಬಡಿಸತೊಡಗಿದರು. ಹುಗ್ಗಿಗೆ ತುಪ್ಪ ಕಡಿಮೆಯಾಗಿತ್ತೆಂದು ತಕರಾರೂ ಮಾಡಿದರು. ಆ ಇಲ್ಲದ ಮದುಮಗಳು ಹೇಗಿದ್ದಳೆಂದು ಅವ್ವ ಒಂದು ವಾರ ಕೇಳಿದಳು.

ಮಣ್ಣು ತಂದದ್ದನ್ನು ಅವ್ವನಿಗೆ ಯಾಕೆ ಹೇಳಲಿಲ್ಲವೆಂದರೆ, ನನಗೆ ಹೆದರಿಕೆ. ಅವ್ವ ಅತ್ತರೆ ಏನು ಮಾಡಬೇಕೆಂದು ನನಗೆ ಇವತ್ತಿಗೂ ತಿಳಿಯುವುದಿಲ್ಲ.

ಆ ಎರಡು ಚೀಲ ಮಣ್ಣನ್ನು ನಾನು ಕೂಸಿನ ಹಾಗೆ ಜೋಪಾನ ಮಾಡಿದೆ. ನೀಲಿ ಡ್ರಮ್ಮಿನಲ್ಲಿ ನೆನೆಹಾಕಿ, ಕಲಕಿ, ಹರಳು ತಳಕ್ಕೆ ಕೂತ ಮೇಲೆ ಮೇಲಿನದನ್ನು ಹಳೆಯ ಇಳಕಲ್ ಸೀರೆಯಲ್ಲಿ ಸೋಸಿ, ತಿಳಿಯಾಗಲು ಬಿಟ್ಟು, ಮತ್ತೆ ಸೋಸಿದೆ. ಕಡೆಗೆ ಅರ್ಧ ಡ್ರಮ್ಮಿನಷ್ಟು ಬೆಣ್ಣೆಯಂಥ ಕಪ್ಪು ಮಣ್ಣು ಉಳಿಯಿತು. ಬೆರಳಲ್ಲಿ ತೆಗೆದು ಬಟ್ಟೆಗೆ ಹಚ್ಚಿದರೆ ಮೋಡದ ಹಾಗೆ ಹರಡುತ್ತಿತ್ತು.

ಹೋದ ವರ್ಷ ಊರಲ್ಲಿಯೇ ಒಂದು ಸಣ್ಣ ಹಾಲಿನಲ್ಲಿ ನನ್ನ ಪ್ರದರ್ಶನ ನಿಶ್ಚಯವಾಯಿತು. ನನ್ನೊಬ್ಬಳದೇ, ಅದೂ ಮೊದಲನೆಯದು. ಉಳಿದ ಚಿತ್ರಗಳು ಸಿದ್ಧವಾಗಿದ್ದವು. ನಡುಗೋಡೆಗೆ ಮಾತ್ರ ಹನ್ನೆರಡು ಮೊಳದ ಹತ್ತಿ ಬಟ್ಟೆ, ಅದರ ಮೇಲೆ ಪದರದ ಮೇಲೆ ಪದರವಾಗಿ ಆ ಮಣ್ಣು. ಬೇರೇನೂ ಇಲ್ಲ, ಹೊಲ ಅಷ್ಟೆ. ಅದು ಗೋಡೆಗೆ ಏರದಿದ್ದರೆ ಉಳಿದವೆಲ್ಲ ಇದ್ದೂ ಇಲ್ಲದ ಹಾಗೆ ಎಂದು ನನಗೆ ಗೊತ್ತಿತ್ತು. ನೀರಿನ ಕೆಳಗೆ ಹೋದ ಹೊಲದ್ದೆಂದು ಈ ಭೂಮಿಯ ಮೇಲೆ ಉಳಿದದ್ದು ಆ ಅರ್ಧ ಡ್ರಮ್ಮು ಮಾತ್ರ. ಚಿತ್ರ ಬರೆಯುವ ಮೊದಲೇ ಅದರ ಪಕ್ಕ ಹಚ್ಚುವ ಕಾರ್ಡು ಅಚ್ಚು ಹಾಕಿಸಿದ್ದೆ. "ನನ್ನ ತಂದೆಯ ಹೊಲದ ಮಣ್ಣು, ಹತ್ತಿ ಬಟ್ಟೆ." ಆ ಕಾರ್ಡನ್ನು ದಿನಕ್ಕೆರಡು ಸಲ ತೆಗೆದು ಓದಿಕೊಳ್ಳುತ್ತಿದ್ದೆ.

ಪ್ರದರ್ಶನಕ್ಕೆ ಹದಿನೈದು ದಿನವಿತ್ತು. ಮಣ್ಣೆತ್ತಿನ ಅಮಾವಾಸ್ಯೆಗೆ ಎರಡು ದಿನ.

ಈ ಅಮಾವಾಸ್ಯೆಗೆ ನಮ್ಮ ಕಡೆ ಎರೆ ಮಣ್ಣಿನಲ್ಲಿ ಜೋಡೆತ್ತು ಮಾಡಿ, ಮುಂದೆ ಮೇವಿನ ಗ್ವಾದಲಿ ಇಟ್ಟು, ಪೂಜಿಸಿ, ಹೋಳಿಗೆ ಎಡೆ ಹಿಡಿಯುತ್ತಾರೆ. ಪೇಟೆಯಲ್ಲಿ ಮಣ್ಣೆಲ್ಲಿಂದ ಬರಬೇಕು? ಗಾಂಧಿ ಚೌಕದಲ್ಲಿ ಅಚ್ಚಿನಲ್ಲಿ ತೆಗೆದು ಬಣ್ಣ ಬಳಿದ ಎತ್ತು ಸಿಗುತ್ತವೆ, ಎಲ್ಲರೂ ಅವನ್ನೇ ತರುತ್ತೇವೆ. ಪ್ರತಿ ವರ್ಷ ಅವ್ವ ಅವುಗಳನ್ನು ಕೈಯಲ್ಲಿ ಹಿಡಿದು, "ಇವೇನ ಎತ್ತೇನು? ಮಾರಿ ನೋಡಿದ್ರ ಕತ್ತಿ ಕಂಡಂಗ ಕಾಣತಾವ" ಎಂದು ಮೂಗು ಮುರಿದು, ಆಮೇಲೆ ಆ ಕತ್ತೆಗಳಿಗೇ ಕೈಮುಗಿಯುತ್ತಿದ್ದಳು.

ಆ ಸಂಜೆ ಶಾಲೆಯಿಂದ ಬಂದಾಗ ಮೆಟ್ಟಿಲ ಮೇಲೆಲ್ಲ ಕಪ್ಪು ಹೆಜ್ಜೆ. ಮಾಳಿಗೆಯ ಮೇಲಿಂದ ನಗು. ಹತ್ತಿ ನೋಡುತ್ತೇನೆ, ನಮ್ಮ ಗಲ್ಲಿಯ ಏಳು ಜನ ಹೆಂಗಸರು ದುಂಡಗೆ ಕೂತಿದ್ದಾರೆ. ನಡುವೆ ಮಣ್ಣು ಕಲಸಿದ ಅಗಲದ ಪರಾತ ಇಟ್ಟುಕೊಂಡು ಅವ್ವ. ಕಟ್ಟೆಯ ಉದ್ದಕ್ಕೂ ಎತ್ತುಗಳು ಸಾಲಾಗಿ ನಿಂತಿವೆ. ನೀಲಿ ಡ್ರಮ್ಮು ಮೂಲೆಯಲ್ಲಿ ಅಡ್ಡ ಬಿದ್ದಿದೆ.

"ಬಾ ಬಾ, ಎತ್ತಂದ್ರ ಹಿಂಗಿರಬೇಕು ನೋಡು," ಅವ್ವನ ಮುಖ ಅರಳಿತ್ತು. "ಇಂಥಾ ಮಣ್ಣ ಹದಾ ಮಾಡಿ ಇಟ್ಟಿ, ನಂಗೊಂದ ಮಾತ ಹೇಳಿಲ್ಲಲ್ಲ! ಹಬ್ಬದ ಖಬರ ನಿನಗೂ ಐತಿ ಅಂತ ಖುಷಿ ಆತು."

"ಟೀಚರ್ರ, ಏನ ಮಣ್ಣರೀ ಇದು!" ಎದುರು ಮನೆಯಾಕೆ ಎತ್ತಿನ ಹೆಗಲ ಮೇಲಿನ ಇಣಿ ಸವರುತ್ತ ಹೇಳಿದಳು. "ಒಂದ ಹರಳಿಲ್ಲ, ಒಂದ ಕಸಾ ಇಲ್ಲ. ವರ್ಷಾ ಹಿಂಗ ಮಾಡ್ರಿ, ನಾವೆಲ್ಲಾರೂ ಬರತೀವಿ."

ನನ್ನ ಬಾಯಿಂದ ಬಂದದ್ದು ಚೀರಾಟ. "ಯವ್ವಾ, ಏನ ಮಾಡಿಟ್ಟಿ! ಯಾರನ್ನ ಕೇಳಿ ಮುಟ್ಟಿದಿ ಅದನ್ನ?" ಯಾವ ಮಣ್ಣೆಂದು ಹೇಳುವಂತಿಲ್ಲ, ಹೇಳದೆ ಇರುವಂತೆಯೂ ಇಲ್ಲ. "ಅದು ಸಾಲಿ ಮಣ್ಣು!" ಎಂದುಬಿಟ್ಟೆ.

"ಸಾಲೀದರೇನು ಮನೀದರೇನು, ಮಣ್ಣ ಮಣ್ಣ ಅಲ್ಲೇನ್ರೀ," ಎಂದು ಯಾರೋ ಗೊಣಗಿದರು. ಅವ್ವ ಎದ್ದು ಕೈ ತೊಳೆದುಕೊಂಡಳು. "ಏಳ ಮಂದಿ ಮುಂದ ಮಣ್ಣಿನ ಸಲುವಾಗಿ ಅವ್ವನ ಮ್ಯಾಲೆ ಒದರಿದೆಲ್ಲ, ಶಾಣ್ಯಾಕಿ ಅದಿ," ಎಂದು ಹೇಳಿ ಕೆಳಗಿಳಿದು ಹೋದಳು. ಹೆಂಗಸರು ತಂತಮ್ಮ ಎತ್ತುಗಳನ್ನು ಸೆರಗಿನಲ್ಲಿ ಮುಚ್ಚಿಕೊಂಡು, ನಾನು ಕಸಿದುಕೊಳ್ಳುವೆನೇನೋ ಎಂಬಂತೆ ಗೋಡೆ ಹಿಡಿದು ಸರಿದುಹೋದರು. ಉಳಿದ ಮುದ್ದೆಗಳನ್ನೂ ಬಿಡಲಿಲ್ಲ.

ಮರುದಿನ ನಾನು ಶಾಲೆಗೆ ರಜೆ ಹಾಕಿ ಗಾಂಧಿ ಚೌಕಕ್ಕೆ ಹೋದೆ. ಅಚ್ಚಿನ ಎತ್ತು ಏಳು ಜೋಡಿ ಕೊಂಡೆ. ಕೊಡುವವರಿಗೆ ಬದಲಿ ಕೊಟ್ಟರಾಯಿತು ಎಂಬುದು ನನ್ನ ಲೆಕ್ಕಾಚಾರ. ಆಟೋದಲ್ಲಿ ತೊಡೆಯ ಮೇಲೆ ಎತ್ತು, ಪಕ್ಕದಲ್ಲಿ ಎತ್ತು, ಕಾಲ ಕೆಳಗೆ ಎತ್ತು. ಆಟೋದವನು ಕನ್ನಡಿಯಲ್ಲಿ ನೋಡಿ, "ಮೇಡಮ್ಮಾರ, ದನದ ಸಂತಿಗೆ ಹೋಗೂಣೇನ್ರೀ?" ಎಂದ. ನನಗೆ ನಗುವ ಪುರುಸೊತ್ತು ಇರಲಿಲ್ಲ.

ಮೊದಲ ಮನೆಯಲ್ಲಿ ಕೆಲಸವಾಗಲಿಲ್ಲ. "ಮನಿಗೆ ಬಂದ ಎತ್ತ ಹೊರಗ ಕಳಸಬಾರದ್ರಿ" ಎಂದರು. ಎರಡನೆಯ ಮನೆಯಲ್ಲಿ ಎತ್ತು ಸರಿಯಾಗಿ ಬರಲಿಲ್ಲವೆಂದು ಮಣ್ಣನ್ನೆಲ್ಲ ತುಳಸಿಕಟ್ಟೆಯ ಬಿರುಕಿಗೆ ಮೆತ್ತಿದ್ದರು. ಮೂರನೆಯ ಮನೆಯಲ್ಲಿ ಬಾಗಿಲು ತೆಗೆದ ಸೊಸೆಯನ್ನು ಕಂಡು ನಾನು ಒಂದು ಹೆಜ್ಜೆ ಹಿಂದೆ ಸರಿದೆ. ಮುಖ ಪೂರ್ತಿ ಕಪ್ಪು, ಕಣ್ಣಷ್ಟೇ ಬೆಳ್ಳಗೆ. "ಭಾಳ ನುಣ್ಣಗೈತ್ರಿ ಟೀಚರ್, ಮುಲ್ತಾನಿ ಮಿಟ್ಟಿಗಿಂತ ಛಲೋ" ಎಂದು, ಮೆತ್ತಿದ ಮಣ್ಣು ಬಿರಿಯದ ಹಾಗೆ ತುಟಿಯಲ್ಲೇ ಹೇಳಿದಳು. ನಮ್ಮಪ್ಪ ಮೂವತ್ತು ವರ್ಷ ಉತ್ತ ಹೊಲ ಆ ಹುಡುಗಿಯ ಕೆನ್ನೆಯ ಮೇಲೆ ಒಣಗುತ್ತಿತ್ತು. ತೊಳೆದ ನೀರು ಚೆಲ್ಲಬೇಡ ಎನ್ನುವ ಮಾತು ಗಂಟಲವರೆಗೆ ಬಂದಿತ್ತು, ಮರ್ಯಾದೆಗೆ ಅಂಜಿ ನುಂಗಿಕೊಂಡೆ.

ನಾಲ್ಕನೆಯ ಮನೆಯಿಂದ ಅದೃಷ್ಟ ತಿರುಗಿತು. ಅಚ್ಚಿನ ಎತ್ತಿನ ಕೋಡಿಗೆ ಬಂಗಾರದ ಬಣ್ಣವಿತ್ತು, ಅದು ಅವರಿಗೆ ಹಿಡಿಸಿತು. ಹಾಗೆ ಮೂರು ಜೋಡಿ ಎತ್ತು, ಒಂದಿಷ್ಟು ಮುದ್ದೆ ಸೇರಿ ಒಂದು ಬಕೆಟ್ಟು ಮಣ್ಣು ತಿರುಗಿ ಬಂತು. ಮಾಳಿಗೆಗೆ ಹೋಗಿ ನೀರು ತುಂಬಿದ ಬಕೆಟ್ಟಿನಲ್ಲಿ ಒಂದು ಎತ್ತನ್ನು ಮುಳುಗಿಸುತ್ತಿದ್ದೆ, ಹಿಂದಿನಿಂದ ಅವ್ವನ ದನಿ.

"ಅಯ್ಯಯ್ಯ, ಹಬ್ಬದ ಎತ್ತ ನೀರಾಗ ಅದ್ದಾಕತ್ತಿ! ಹುಚ್ಚ ಹಿಡದೈತೇನ ನಿನಗ?"

ಎತ್ತು ಕೈಯಲ್ಲೇ ಕರಗುತ್ತಿತ್ತು. ನಾನು ಅಲ್ಲೇ ನೆಲಕ್ಕೆ ಕೂತು ಅತ್ತುಬಿಟ್ಟೆ. ಐವತ್ತೆರಡು ವರ್ಷದ ಹೆಂಗಸು, ಮೊಣಕೈವರೆಗೆ ಕೆಸರು. "ಸಾಲಿ ಮಣ್ಣಲ್ಲ ಯವ್ವಾ ಇದು. ಅಪ್ಪನ ಹೊಲದ್ದು. ನೀರ ಬಿಡೂಕಿಂತ ಮೊದಲ ಹೋಗಿ ತಂದಿಟ್ಟಿದ್ದೆ. ಇನ್ನ ಎಲ್ಲೂ ಸಿಗಂಗಿಲ್ಲ."

ಅವ್ವ ಅಳಲಿಲ್ಲ. ಬಕೆಟ್ಟಿನ ಪಕ್ಕ ನಿಧಾನ ಕೂತಳು. ಮಣ್ಣು ಕೈಗೆ ತೆಗೆದುಕೊಂಡು ತಿಕ್ಕಿದಳು, ಮೂಸಿದಳು.

"ಹೊಲದಾಗ ಎಲ್ಲಿಂದ ತಂದಿ? ಬಾವಿ ಕಡೀಂದೋ, ಬನ್ನಿಗಿಡದ ಕಡೀಂದೋ?"

"ರಸ್ತೆ ಕಡೀಂದ. ಅಲ್ಲೇ ಕಾರ ನಿಂದರಸಿದ್ವಿ."

"ಬೇವಿನ ಗಿಡದಿಂದ ಈಚಿಗೋ ಆಚಿಗೋ?"

"ಈಚಿಗೆ. ರಸ್ತೆಕ್ಕ ಹತ್ತಿಕೊಂಡು."

ಅವ್ವನ ಹೊಟ್ಟೆ ಅಲುಗಾಡತೊಡಗಿತು. ಅಳು ಬಂತೆಂದು ನಾನು ಗಾಬರಿಯಾದೆ. ಅದು ನಗು. ಡ್ರಮ್ಮು ಹಿಡಿದುಕೊಂಡು, ಕಣ್ಣಲ್ಲಿ ನೀರು ಬರುವವರೆಗೆ ನಕ್ಕಳು. "ಅದ ನಮ್ಮ ಹೊಲಾನ ಅಲ್ಲಬೇ! ಬೇವಿನ ಗಿಡದ ಈಚಿಗಿಂದು ರಸ್ತೆ ಆಚಿ ಹೊಲದವರದು. ಕಲಸುವಾಗನ ನಾ ಅನ್ಕೊಂಡೆ, ಎಷ್ಟ ಸೋಸಿದ್ರೂ ನಮ್ಮ ಮಣ್ಣ ಹಿಂಗ ಇರಂಗಿಲ್ಲ. ನಮ್ಮದು ಕೈಗೆ ಹತ್ತಿದ್ರ ಎರಡ ದಿನಾ ಬಿಡತಿರಲಿಲ್ಲ."

ಆಗ ಆ ಪಟ್ಟಿಯ ಕಥೆ ಹೊರಬಂತು. ರಸ್ತೆಗೂ ಬೇವಿನ ಗಿಡಕ್ಕೂ ನಡುವೆ ಹತ್ತಿಪ್ಪತ್ತು ಮಾರು ಅಗಲದ ಒಂದು ಪಟ್ಟಿ. ಅದು ತನ್ನದೆಂದು ಅಪ್ಪ, ತಮ್ಮದೆಂದು ಆಚೆ ಹೊಲದವರು. ಅಪ್ಪನ ಜೀವ ಇರುವವರೆಗೂ ಇಬ್ಬರೂ ಮಾತು ಬಿಟ್ಟಿದ್ದರು. ಮೋಜಣಿಯವರು ಎರಡು ಸಲ ಬಂದು ಎರಡು ಅಳತೆ ಹೇಳಿ ಹೋಗಿದ್ದರಂತೆ. ನಾನು ಏಳನೆಯ ಇಯತ್ತೆಗೆ ಪೇಟೆಯ ಹಾಸ್ಟೆಲ್ಲಿಗೆ ಹೋದವಳು, ರಜೆಗೆ ಬಂದರೆ ಹೊಲದಲ್ಲಿ ಪೇರಲ ಹಣ್ಣು ತಿಂದು ಹೋದವಳು. ನನಗೆ ಇದ್ಯಾವುದೂ ಗೊತ್ತಿರಲಿಲ್ಲ.

"ಅಂದ್ರ ಅದು ಯಾರದು?" ಎಂದೆ.

"ಅವರದ. ಬದುವಿನ ಕಲ್ಲ ಬೇವಿನ ಗಿಡದ ಬುಡಕ್ಕ ಇತ್ತು, ಎಲ್ಲಾರಿಗೂ ಕಾಣೂ ಹಂಗ. ಕಲ್ಲ ಸುಳ್ಳ ಹೇಳತೈತೇನು?" ಅವ್ವನ ನಗು ಕಡಿಮೆಯಾಯಿತು. "ಒಮ್ಮಿ ನಿಮ್ಮಪ್ಪನ ಮುಂದ ಅಂದೂ ಬಿಟ್ಟಿದ್ದೆ, ನಿಮ್ಮದಲ್ಲದಕ್ಕ ಯಾಕ ಹೊಡದಾಡತೀರಿ ಅಂತ. ಆ ದಿನಾ ಉಣಲಿಲ್ಲ ನೋಡು ಅವರು."

ಅಷ್ಟರಲ್ಲಿ ಮೇಲೆ ಬಂದಿದ್ದ ನಮ್ಮ ಮನೆಯವರು ಎಲ್ಲ ಕೇಳಿಸಿಕೊಂಡು ಮುಖ ಸಣ್ಣದು ಮಾಡಿದರು. "ಅಂದ್ರ ನಾವು ಮಾಡಿದ್ದು ಕಳವು. ನಾ ಅಲ್ಲಿ ಕಾವಲ ನಿಂತಿದ್ದೆ!" ಅವ್ವ ಅವರ ಕಡೆ ತಿರುಗಿ, "ಅಳಿಯಂದ್ರ, ಆ ದಿನಾನ ಏನ ನೀವು ಹುಗ್ಗಿ ಉಂಡದ್ದು?" ಎಂದಳು. ಅವರು ಫೋನು ಬಂದವರ ಹಾಗೆ ಮಾಡಿ ಕೆಳಗಿಳಿದರು.

ನನಗೆ ನಗು ಬರಲಿಲ್ಲ. ಊರು, ನೆಲ, ನೆನಪು ಎಂದು ಎರಡು ವರ್ಷ ಎಲ್ಲರ ಮುಂದೆ ಉದ್ದುದ್ದ ಮಾತಾಡಿದವಳು, ಸ್ವಂತ ಹೊಲದ ಬದು ಎಲ್ಲಿದೆಯೆಂದು ಗೊತ್ತಿಲ್ಲದೆ ಪರರ ಮಣ್ಣು ಹೊತ್ತು ತಂದಿದ್ದೆ. ಅಪ್ಪ ಅನ್ನ ಬಿಟ್ಟದ್ದೂ ನನಗೆ ಗೊತ್ತಿರಲಿಲ್ಲ. ನಾಚಿಕೆಯಾಯಿತು. ಚಿತ್ರ ಬೇಡವೇ ಬೇಡ ಎಂದೆ.

ಅವ್ವ ಒಪ್ಪಲಿಲ್ಲ. ಪೂಜೆಯಾಗದ ಎತ್ತು ಇನ್ನೂ ಬರೀ ಮಣ್ಣೇ ಎಂದು ತೀರ್ಪು ಕೊಟ್ಟು, ಉಳಿದವನ್ನೂ ತಾನೇ ಬಕೆಟ್ಟಿಗೆ ಹಾಕಿದಳು. "ಚಿತ್ರಾ ಬರಿ. ಖರೆ, ಕೇಳದ ತಂದ ಮಣ್ಣೈತಿ, ಹೇಳಬೇಕು." ಆಚೆ ಹೊಲದ ಕಾಕಾ ಈಗ ಬಬಲೇಶ್ವರದಲ್ಲಿ ಮಗನ ಹತ್ತಿರ ಇದ್ದಾರೆಂದು ಅವ್ವನಿಗೆ ಗೊತ್ತಿತ್ತು. ಗಂಡಸರು ಮಾತು ಬಿಟ್ಟಿದ್ದರೂ ಎರಡೂ ಮನೆಯ ಹೆಂಗಸರು ಬಾವಿಯ ಹತ್ತಿರ ಸುಖದುಃಖ ಹೇಳಿಕೊಂಡೇ ಇದ್ದರಂತೆ. ಅವ್ವ ಫೋನು ಹಚ್ಚಿಸಿ, ಬಬಲೇಶ್ವರಕ್ಕೆ ಫೋನಿಲ್ಲದೆಯೇ ಕೇಳಿಸುವಷ್ಟು ಗಟ್ಟಿಯಾಗಿ ಕೂಗಿದಳು. "ನಮ್ಮ ಹುಡಗಿ ತಿಳೀದ ನಿಮ್ಮ ಮಣ್ಣ ತಂದಾಳ್ರೀ. ಅದರಾಗ ಚಿತ್ರಾ ತಗೀತಾಳಂತ. ಬಂದ ನೋಡಿ ಹೋಗ್ರಿ."

ಉಳಿದ ದಿನಗಳಲ್ಲಿ ಹಗಲೆಲ್ಲ ಕೂತು ಬಟ್ಟೆ ಮುಗಿಸಿದೆ. ಮಣ್ಣು ಕಡಿಮೆ, ಪದರ ತೆಳುವಾಯಿತು, ಅಲ್ಲಲ್ಲಿ ಬಟ್ಟೆಯ ನೂಲು ಕಾಣುತ್ತಿತ್ತು. ಕಾರ್ಡು ಮತ್ತೆ ಅಚ್ಚು ಹಾಕಿಸಲು ಸಮಯವಿರಲಿಲ್ಲ. ಮೇಲಿನ ಸಾಲಿಗೆ ಶಾಲೆಯ ಗೋಂದಿನಿಂದ ಒಂದು ಚೀಟಿ ಅಂಟಿಸಿ, "ನಿಡೋಣಿ ಕಡೆಯ ಒಂದು ಹೊಲದ ಮಣ್ಣು" ಎಂದು ಬರೆದೆ.

ಪ್ರದರ್ಶನಕ್ಕೆ ಜನ ಬಂದರು. ಗಲ್ಲಿಯ ಏಳು ಜನ ಹೆಂಗಸರೂ ಬಂದು, ನಡುಗೋಡೆಯ ಬಟ್ಟೆಯ ಮುಂದೆ ನಿಂತು, ಇದರ ಬದಲು ಎತ್ತು ಚೆನ್ನಾಗಿದ್ದವೆಂದು ತಮ್ಮತಮ್ಮಲ್ಲೇ ಮಾತಾಡಿಕೊಂಡರು. ಗುಮ್ಮಟ ಎಲ್ಲಿದೆ ಎಂದು ಮೂರು ಜನ ಕೇಳಿದರು.

ಮೂರನೆಯ ದಿನ ಮಧ್ಯಾಹ್ನ ಬಿಳಿ ರುಮಾಲು ಸುತ್ತಿದ ಒಬ್ಬ ಹಿರಿಯರು ಕೋಲೂರುತ್ತ ಒಳಗೆ ಬಂದರು. ಆಚೆ ಹೊಲದ ಕಾಕಾ. ಬಸ್ಸಿನಲ್ಲಿ ಒಬ್ಬರೇ ಬಂದಿದ್ದರು. ಅವ್ವ ಸೆರಗು ಸರಿಮಾಡಿಕೊಂಡು ಎದ್ದಳು. ಅವರು ಬೇರೆ ಯಾವ ಚಿತ್ರವನ್ನೂ ನೋಡಲಿಲ್ಲ, ನೇರ ನಡುಗೋಡೆಗೆ ಹೋಗಿ ನಿಂತರು. ನಾನು ಹತ್ತಿರ ಹೋಗಿ, "ತಪ್ಪಾತ್ರೀ ಕಾಕಾ, ನಿಮ್ಮ ಮಣ್ಣು, ಕೇಳದ ತಂದ್ವಿ," ಎಂದೆ.

ಅವರು ಬಟ್ಟೆಯ ಅಂಚನ್ನು ಬೆರಳಲ್ಲಿ ಮುಟ್ಟಿ ನೋಡಿದರು. ಆಮೇಲೆ ಬಟ್ಟೆಯನ್ನೇ ನೋಡುತ್ತ ಹೇಳಿದರು.

"ನಮ್ಮದಲ್ಲವಾ ಅದು. ನಿಮ್ಮಪ್ಪಂದು."

ನನಗೆ ಅರ್ಥವಾಗಲಿಲ್ಲ. ಅವರು ಅವ್ವನ ಕಡೆ ತಿರುಗಿದರು. "ಆ ಕಲ್ಲ ಮೊದಲ ರಸ್ತೆ ಕಡಿಗೆ ಇತ್ತರೀ ವೈನಿ. ನಮ್ಮಪ್ಪ ಅದನ್ನ ಕಿತ್ತ ಬೇವಿನ ಗಿಡದ ಬುಡಕ್ಕ ಹುಗದಾ. ನಾ ಆವಾಗ ಎಂಟ ವರ್ಷದಾಂವ, ಕಬ್ಬಣದ ಹಾರಿ ನಾನ ಹಿಡಕೊಂಡ ನಿಂತಿದ್ದೆ. ಹೇಳಿದ್ರ ಅಪ್ಪನ ಮಾನ ಹೋಗತಿತ್ತು. ಆಮ್ಯಾಲೆ ಅಪ್ಪ ಸತ್ತಾ, ನನಗ ಬಾಯಿ ಬರಲಿಲ್ಲ. ಈಗ ಅದರ ಮ್ಯಾಲೆ ಮೀನ ಅಡ್ಡಾಡತಾವ. ಇನ್ನ ಯಾರಿಗಂತ ಮುಚ್ಚಿಟ್ಟಕೊಳ್ಳಲಿ?"

ಹಾಲಿನ ಮೂಲೆಯ ಸ್ಪೀಕರಿನಲ್ಲಿ ಕನಮಡಿಯ ಗಾಳಿ ಬೀಸುತ್ತಿತ್ತು. ಅವ್ವ ಕುರ್ಚಿಯ ಬೆನ್ನು ಹಿಡಿದುಕೊಂಡು ಕೂತಳು. ಹೊಲ ನೀರಿಗೆ ಹೋದಾಗ ಅಳದವಳು, ನನ್ನ ಬಕೆಟ್ಟಿನ ಮುಂದೆ ಕೂತು ನಕ್ಕವಳು, ಈಗ ಎಲ್ಲರ ಮುಂದೆ ದನಿ ತೆಗೆದು ಅತ್ತಳು.

"ನಾ ನಂಬಲಿಲ್ಲಲ್ಲೋ ಯಪ್ಪಾ. ಕಲ್ಲ ನೋಡಿದೆ, ಮನಿಯವರ ಮಾತ ನಂಬಲಿಲ್ಲ. ಅನ್ನದ ಮುಂದ ಕುಂತಾಗ ಅಂದೆ."

ಅವ್ವ ಅತ್ತರೆ ಏನು ಮಾಡಬೇಕೆಂದು ನನಗೆ ತಿಳಿಯಲಿಲ್ಲ. ಪಕ್ಕದಲ್ಲಿ ಕೂತು ಕೈ ಹಿಡಿದುಕೊಂಡೆ, ಅಷ್ಟೆ. ಸ್ವಲ್ಪ ಹೊತ್ತಿನ ಮೇಲೆ ಆಕೆ ಮೂಗು ಒರೆಸಿಕೊಂಡು ಗೋಡೆಯ ಕಡೆ ನೋಡಿದಳು. ಅವ್ವನಿಗೆ ಓದಲು ಬರುವುದಿಲ್ಲ.

"ಆ ಚೀಟಿ ಕೆಳಗ ಮೊದಲ ಏನ ಬರಸಿದ್ದಿ?"

"ನನ್ನ ತಂದೆಯ ಹೊಲದ ಮಣ್ಣು ಅಂತ."

ಅವ್ವ ಎದ್ದು ಹೋಗಿ ಚೀಟಿಗೆ ಉಗುರು ಹಾಕಿದಳು. ಅದು ಬಿಡಲಿಲ್ಲ. ನಾನೂ ಕೆರೆದೆ, ನಮ್ಮ ಮನೆಯವರು ಕಾರಿನ ಕೀಲಿ ತಂದರು, ಅದಕ್ಕೂ ಬಗ್ಗಲಿಲ್ಲ.

"ಸರೀರಿ ವೈನಿ," ಎಂದು ಕಾಕಾ ಮುಂದೆ ಬಂದರು. ಕೋಲನ್ನು ಗೋಡೆಗೆ ಒರಗಿಸಿ, ಹೆಬ್ಬೆರಳನ್ನು ನಾಲಗೆಗೆ ತಾಕಿಸಿ ಒದ್ದೆ ಮಾಡಿಕೊಂಡು, ಚೀಟಿಯನ್ನು ಒಂದು ತುದಿಯಿಂದ ತಿಕ್ಕತೊಡಗಿದರು. ಒದ್ದೆಯಾದ ಕಾಗದ ಚೂರು ಚೂರಾಗಿ ಏಳತೊಡಗಿತು. ನಾವ್ಯಾರೂ ಅವಸರ ಮಾಡಲಿಲ್ಲ.